ಒಂದನೇ ಸಿಲಿಂಡರ್ ಯಾವುದು? ಹಳೆಯ ಟ್ರಕ್ ಎಂಜಿನ್ನಿನ ಎಣಿಕೆ ಮತ್ತು ಫೈರಿಂಗ್ ಆರ್ಡರ್

(ಹಳೆಯ ಗಾಡಿಗಳನ್ನು ಸ್ವಂತ ಕೈಯಿಂದ ರಿಪೇರಿ ಮಾಡುವವರ ಮುಂದೆ ಆಡಿದ ಮಾತುಗಳಿವು. ಬರೆಯುವಾಗ ಕೆಲವು ಕಡೆ ಸ್ವಲ್ಪ ಬಿಡಿಸಿ ಹೇಳಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಮೇಜಿನ ಮೇಲೆ ಒಂದು ಡಿಸ್ಟ್ರಿಬ್ಯೂಟರ್ ಕ್ಯಾಪ್ ಇಟ್ಟಿದ್ದೇನೆ, ನೋಡಿ. ಹಳೆಯ ಫೋರ್ಡ್ ಟ್ರಕ್ಕಿನ ವಿ8 ಎಂಜಿನ್ನಿನದು. ನಡುವೆ ಒಂದು ಟರ್ಮಿನಲ್, ಸುತ್ತ ಎಂಟು. ನಡುವಿನದಕ್ಕೆ ಕಾಯಿಲ್‌ನಿಂದ ಕರೆಂಟ್ ಬರುತ್ತದೆ. ಸುತ್ತಲಿನ ಎಂಟರಿಂದ ಎಂಟು ಪ್ಲಗ್‌ಗಳಿಗೆ ಹೋಗುತ್ತದೆ. ಈ ಕ್ಯಾಪಿನ ಮೇಲೆ ಎಲ್ಲೂ ನಂಬರ್ ಇಲ್ಲ. ಎಂಟೂ ವೈರ್ ಕಿತ್ತು ನಿಮ್ಮ ಕೈಗೆ ಕೊಟ್ಟರೆ ಯಾವುದನ್ನು ಎಲ್ಲಿಗೆ ಹಾಕುತ್ತೀರಿ? ಎಂಟು ವೈರ್‌ಗಳನ್ನು ಎಂಟು ಟರ್ಮಿನಲ್‌ಗೆ ಹಾಕುವುದಕ್ಕೆ 40,320 ಬಗೆಗಳಿವೆ. ಎಂಜಿನ್ ಸರಿಯಾಗಿ ಓಡುವುದು ಅದರಲ್ಲಿ ಒಂದೇ ಬಗೆಯಲ್ಲಿ.

ಸಿಲಿಂಡರ್‌ಗಳು ಒಂದರ ಹಿಂದೆ ಒಂದು ಉರಿಯುವ ಸರದಿಗೆ ಫೈರಿಂಗ್ ಆರ್ಡರ್ ಅನ್ನುತ್ತಾರೆ. ವೈರ್ ಹಾಕುವುದು ಆ ಸರದಿಯಲ್ಲೇ. ಹೆಚ್ಚಿನವರು ಇದನ್ನು ಉರು ಹೊಡೆಯುತ್ತಾರೆ. 1-5-4-2-6-3-7-8. ಫೋನ್ ನಂಬರ್ ನೆನಪಿಟ್ಟ ಹಾಗೆ. ಉರು ಹೊಡೆದದ್ದು ಆ ಒಂದು ಎಂಜಿನ್ನಿಗೆ ಸಾಕು. ಬೇರೆ ಕಂಪನಿಯ ಗಾಡಿ ಎದುರಿಗೆ ಬಂದ ದಿನ ಕೈ ಕೊಡುತ್ತದೆ. ಅದೇ ಕಂಪನಿಯ ಮುಂದಿನ ವರ್ಷದ ಗಾಡಿಯಲ್ಲೂ ಕೈ ಕೊಡಬಹುದು, ಅದನ್ನು ಆಮೇಲೆ ತೋರಿಸುತ್ತೇನೆ. ನಾನು ಇವತ್ತು ಹೇಳಬೇಕು ಅಂದುಕೊಂಡಿರುವುದು ಇಷ್ಟೇ: ಸಿಲಿಂಡರಿನ ನಂಬರ್ ಅನ್ನುವುದು ಕಂಪನಿ ಇಟ್ಟ ಹೆಸರು. ಫೈರಿಂಗ್ ಆರ್ಡರ್ ಹಾಗಲ್ಲ. ಅದು ಪಿಸ್ಟನ್‌ಗಳು ತಿರುಗಿಸುವ ಕ್ರ್ಯಾಂಕ್ ಶಾಫ್ಟ್ ಮತ್ತು ವಾಲ್ವ್‌ಗಳನ್ನು ತೆರೆಯುವ ಕ್ಯಾಮ್ ಶಾಫ್ಟ್‌ಗಳ ಆಕಾರದಲ್ಲೇ ಇದೆ. ಹೆಸರು ಬೇರೆ, ಆಕಾರ ಬೇರೆ ಅಂತ ಒಮ್ಮೆ ತಿಳಿದರೆ ಅರ್ಧ ಗೊಂದಲ ಅಲ್ಲೇ ಮುಗಿಯುತ್ತದೆ.

ಮೊದಲು ಹೆಸರಿನ ವಿಷಯ.

ಸಾಲಾಗಿ ನಿಂತ ಆರು ಸಿಲಿಂಡರಿನ ಎಂಜಿನ್ ಆದರೆ ಕಷ್ಟವೇ ಇಲ್ಲ. ಫ್ಯಾನ್ ಇರುವ ತುದಿ ಮುಂದುಗಡೆ. ಅಲ್ಲಿಂದ 1, 2, 3 ಅಂತ ಹಿಂದಕ್ಕೆ ಎಣಿಸಿಕೊಂಡು ಹೋಗಿ. ಫೋರ್ಡ್‌ನ 300 ಕ್ಯೂಬಿಕ್ ಇಂಚಿನ ಸಿಕ್ಸ್ ಆಗಲಿ, ಷೆವರ್ಲೆಯ 235, 250, 292 ಆಗಲಿ, ಎಲ್ಲದರಲ್ಲೂ ಹೀಗೇ.

ತಕರಾರು ಶುರುವಾಗುವುದು ವಿ8ನಲ್ಲಿ. ಎರಡು ಸಾಲು, ಸಾಲಿಗೆ ನಾಲ್ಕು. ಫೋರ್ಡ್‌ನವರು ಬಲಗಡೆ ಸಾಲಿನಲ್ಲಿ ಮುಂದಿನಿಂದ ಹಿಂದಕ್ಕೆ 1, 2, 3, 4 ಎಣಿಸುತ್ತಾರೆ. ಆಮೇಲೆ ಎಡಗಡೆ ಸಾಲಿನಲ್ಲಿ ಮತ್ತೆ ಮುಂದಿನಿಂದ 5, 6, 7, 8. ಷೆವರ್ಲೆಯವರ ಲೆಕ್ಕ ಬೇರೆ. ಎಡಗಡೆ ಸಾಲು ಪೂರ್ತಿ ಬೆಸ: 1, 3, 5, 7. ಬಲಗಡೆ ಸಾಲು ಪೂರ್ತಿ ಸಮ: 2, 4, 6, 8. ಅಂದರೆ ಒಬ್ಬರ 1 ಬಲಗಡೆ, ಇನ್ನೊಬ್ಬರ 1 ಎಡಗಡೆ.

ಎಡ-ಬಲ ಅಂದೆ. ಯಾರ ಎಡ, ಯಾರ ಬಲ? ಬಾನೆಟ್ ಎತ್ತಿ ಗಾಡಿಯ ಮುಂದೆ ನಿಂತವರ ಎಡ-ಬಲ ಅಲ್ಲ. ಸೀಟಿನಲ್ಲಿ ಕೂತು ರಸ್ತೆ ನೋಡುತ್ತಿರುವವರ ಎಡ-ಬಲ. ಈ ಟ್ರಕ್‌ಗಳೆಲ್ಲ ಅಮೆರಿಕದವು, ಸ್ಟೀರಿಂಗ್ ಎಡಗಡೆ ಇರುತ್ತದೆ. ಆದ್ದರಿಂದ ಅಲ್ಲಿನವರು ಎಡಗಡೆ ಸಾಲನ್ನು ಡ್ರೈವರ್ ಕಡೆ, ಬಲಗಡೆ ಸಾಲನ್ನು ಪ್ಯಾಸೆಂಜರ್ ಕಡೆ ಅನ್ನುತ್ತಾರೆ. ಬಲಗಡೆ ಸ್ಟೀರಿಂಗ್ ಅಭ್ಯಾಸ ಇರುವವರು ಅವರ ಮ್ಯಾನ್ಯುಯಲ್ ಓದುವಾಗ ಇಲ್ಲಿ ಒಂದು ನಿಮಿಷ ನಿಲ್ಲಬೇಕು. ಡ್ರೈವರ್ ಕಡೆ ಅಂದ ಕೂಡಲೇ ಕೈ ತಾನಾಗಿ ಬಲಕ್ಕೆ ಹೋಗಿಬಿಡುತ್ತದೆ.

ಪುಸ್ತಕ ಇಲ್ಲದಿದ್ದರೂ ಒಂದು ಗುರುತು ಇದೆ. ವಿ8ನಲ್ಲಿ ಎದುರುಬದುರು ಇರುವ ಎರಡು ಕನೆಕ್ಟಿಂಗ್ ರಾಡ್‌ಗಳು (ಪಿಸ್ಟನ್ನನ್ನು ಕ್ರ್ಯಾಂಕಿಗೆ ಸೇರಿಸುವ ರಾಡ್‌ಗಳು) ಒಂದೇ ಕ್ರ್ಯಾಂಕ್ ಪಿನ್ನಿನ ಮೇಲೆ ಪಕ್ಕಪಕ್ಕ ಕೂರುತ್ತವೆ. ಹಾಗಾಗಿ ಒಂದು ಸಾಲು ಇನ್ನೊಂದಕ್ಕಿಂತ ಒಂದು ರಾಡ್‌ನ ದಪ್ಪದಷ್ಟು ಮುಂದೆ ಇರಲೇಬೇಕು. ಎಂಜಿನ್ನಿನ ಮೇಲೆ ಬಾಗಿ ಎರಡು ಹೆಡ್‌ಗಳ ಮುಂದಿನ ಅಂಚು ನೋಡಿ. ಫೋರ್ಡ್‌ನಲ್ಲಿ ಬಲಗಡೆಯದು ಸ್ವಲ್ಪ ಮುಂದಕ್ಕೆ ಚಾಚಿರುತ್ತದೆ, ಷೆವರ್ಲೆಯಲ್ಲಿ ಎಡಗಡೆಯದು. ಎರಡರಲ್ಲೂ ಎಲ್ಲಕ್ಕಿಂತ ಮುಂದೆ ಇರುವ ಸಿಲಿಂಡರೇ 1.

ಎರಡು ಎಣಿಕೆಯಲ್ಲಿ ಯಾವುದು ಒಳ್ಳೆಯದು ಅಂತ ಕೇಳಿದರೆ ನನಗೆ ಷೆವರ್ಲೆಯದು ಇಷ್ಟ. ಅದರಲ್ಲಿ 1 ಮತ್ತು 2 ಮೊದಲ ಪಿನ್ನಿನ ಮೇಲೆ, 3 ಮತ್ತು 4 ಎರಡನೆಯದರ ಮೇಲೆ. ನಂಬರ್ ಹೇಳಿದ ತಕ್ಷಣ ಕ್ರ್ಯಾಂಕ್ ಕಣ್ಣ ಮುಂದೆ ಬರುತ್ತದೆ. ಫೋರ್ಡ್‌ನಲ್ಲಿ 1ರ ಜೊತೆ 5, 2ರ ಜೊತೆ 6 ಅಂತ ಲೆಕ್ಕ ಹಾಕಬೇಕು. ಆದರೆ ಬಾನೆಟ್ ಎತ್ತಿ ಮೇಲಿಂದ ನೋಡುವವರಿಗೆ ಫೋರ್ಡ್ ಎಣಿಕೆಯೇ ಸಲೀಸು.

ಇನ್ನು ಆರ್ಡರ್. ಇದಕ್ಕೆ ಆರು ಸಿಲಿಂಡರಿನ ಎಂಜಿನ್ ಹಿಡಿಯೋಣ. ಯಾಕೆಂದರೆ ಇದರ ಆರ್ಡರನ್ನು ಯಾರೂ ಹೇಳಿಕೊಡದೆ ನಾವೇ ಕಂಡುಹಿಡಿಯಬಹುದು. ಒಂದು ಕಾಗದ, ಒಂದು ಪೆನ್ಸಿಲ್ ಸಾಕು.

ಫೋರ್ ಸ್ಟ್ರೋಕ್ ಎಂಜಿನ್ನಿನಲ್ಲಿ ಒಂದು ಸಿಲಿಂಡರ್ ಒಮ್ಮೆ ಉರಿಯಬೇಕಾದರೆ ಕ್ರ್ಯಾಂಕ್ ಎರಡು ಸುತ್ತು ತಿರುಗಬೇಕು. ಎರಡು ಸುತ್ತು ಅಂದರೆ 720 ಡಿಗ್ರಿ. ಆರು ಸಿಲಿಂಡರ್‌ಗೆ ಸಮವಾಗಿ ಹಂಚಿದರೆ 120 ಡಿಗ್ರಿಗೆ ಒಂದು. ಈಗ ಆ ಕ್ರ್ಯಾಂಕ್ ಶಾಫ್ಟನ್ನು ಮುಂದಿನಿಂದ ನೋಡಿ. ಪಿನ್‌ಗಳು ಆರು, ಆದರೆ ದಿಕ್ಕುಗಳು ಮೂರೇ. 1 ಮತ್ತು 6 ಒಂದು ದಿಕ್ಕಿಗೆ. 2 ಮತ್ತು 5 ಒಂದು ದಿಕ್ಕಿಗೆ. 3 ಮತ್ತು 4 ಒಂದು ದಿಕ್ಕಿಗೆ. ನಡುವೆ ಕನ್ನಡಿ ಇಟ್ಟ ಹಾಗೆ ಹಿಂದಿನ ಅರ್ಧ ಮುಂದಿನ ಅರ್ಧದ ಪಡಿಯಚ್ಚು. ಹೀಗಿದ್ದರೇನೇ ಎಂಜಿನ್ ನಡುಗದೆ ತಿರುಗುವುದು.

1 ಮೇಲೆ ಬಂದಾಗ 6 ಕೂಡ ಮೇಲೆ ಬರುತ್ತದೆ. ಆದರೆ ಎರಡೂ ಒಟ್ಟಿಗೆ ಉರಿಯುವುದಿಲ್ಲ. 1 ಕಂಪ್ರೆಶನ್ ಮುಗಿಸಿ ಉರಿಯಲು ಸಿದ್ಧವಾಗಿದ್ದರೆ, 6 ಹೊಗೆ ಹೊರಗೆ ತಳ್ಳಿ ಮುಗಿಸಿರುತ್ತದೆ. ಒಂದು ಸುತ್ತು ಕಳೆದ ಮೇಲೆ ಪಾತ್ರ ಅದಲುಬದಲು. ಇವು ಜೋಡಿಗಳು. ಟ್ಯಾಪೆಟ್, ಅಂದರೆ ವಾಲ್ವಿನ ಸಂದು, ಸೆಟ್ ಮಾಡುವವರು 6 ರಾಕಿಂಗ್‌ನಲ್ಲಿದ್ದಾಗ (ಅದರ ಒಂದು ವಾಲ್ವ್ ಮುಚ್ಚುತ್ತಾ ಇನ್ನೊಂದು ತೆರೆಯುವ ಹೊತ್ತಿನಲ್ಲಿ) 1ರ ಟ್ಯಾಪೆಟ್ ನೋಡುವುದು ಇದೇ ಕಾರಣಕ್ಕೆ.

ಈಗ ಆಟ ಶುರು. ಮೊದಲು 1 ಉರಿಯಿತು. 120 ಡಿಗ್ರಿ ಆದ ಮೇಲೆ 2-5ರ ಜೋಡಿ ಮೇಲೆ ಬರುತ್ತದೆ. ಎರಡರಲ್ಲಿ ಯಾವುದು ಬೇಕಾದರೂ ಉರಿಯಬಹುದು, ಆರಿಸುವುದು ಕ್ಯಾಮ್. ಇನ್ನೊಂದು 120 ಡಿಗ್ರಿಗೆ 3-4ರ ಜೋಡಿ. ಅಲ್ಲೂ ಎರಡರಲ್ಲಿ ಒಂದು. ಎರಡನೇ ಸುತ್ತಿನಲ್ಲಿ ಉಳಿದ ಜೊತೆಗಾರರು ಅದೇ ಸಾಲಿನಲ್ಲಿ ಬರುತ್ತಾರೆ. ಅಲ್ಲಿಗೆ ಒಟ್ಟು ಆಯ್ಕೆಗಳು ನಾಲ್ಕೇ. ಬರೆದು ನೋಡಿ:

1-2-3-6-5-4
1-2-4-6-5-3
1-5-4-6-2-3
1-5-3-6-2-4

ಅಕ್ಕಪಕ್ಕದ ಎರಡು ಸಿಲಿಂಡರ್ ಒಂದರ ಹಿಂದೆ ಒಂದು ಉರಿಯುವುದು ಒಳ್ಳೆಯದಲ್ಲ. ನಡುವಿನ ಬೇರಿಂಗಿನ ಮೇಲೆ ಏಟಿನ ಮೇಲೆ ಏಟು ಬೀಳುತ್ತದೆ. ಆ ಜಾಗದಲ್ಲಿ ಬಿಸಿ ಜಾಸ್ತಿ. ಗಾಳಿ ಎಳೆದುಕೊಳ್ಳುವಾಗಲೂ ಒಂದು ಇನ್ನೊಂದರ ಪಾಲನ್ನು ಕಸಿಯುತ್ತದೆ. ಈಗ ಪಟ್ಟಿಯನ್ನು ಜರಡಿ ಹಿಡಿಯಿರಿ. ಮೊದಲನೆಯದರಲ್ಲಿ 1-2, 2-3 ಪಕ್ಕಪಕ್ಕ, ಬೇಡ. ಎರಡನೆಯದರಲ್ಲೂ 1-2 ಇದೆ, ಬೇಡ. ಮೂರನೆಯದರಲ್ಲಿ 5-4, ಬೇಡ. ನಾಲ್ಕನೆಯದರಲ್ಲಿ ಹುಡುಕಿ. 1-5, 5-3, 3-6, 6-2, 2-4, ಮತ್ತೆ 4-1. ಎಲ್ಲೂ ಅಕ್ಕಪಕ್ಕ ಇಲ್ಲ. ಅಷ್ಟೇ ಅಲ್ಲ, ಮುಂದಿನ ಮೂರರಲ್ಲಿ ಒಂದು, ಹಿಂದಿನ ಮೂರರಲ್ಲಿ ಒಂದು ಅಂತ ಸರದಿ ತಪ್ಪದೆ ಬರುತ್ತದೆ.

ಆದ್ದರಿಂದಲೇ ಫೋರ್ಡ್ 300 ಕೂಡ 1-5-3-6-2-4, ಷೆವರ್ಲೆ ಸಿಕ್ಸ್ ಕೂಡ 1-5-3-6-2-4. ಡೀಸೆಲ್‌ಗೆ ಬಂದರೆ ಮರ್ಸಿಡಿಸ್ ಓಎಂ 352, ಪರ್ಕಿನ್ಸ್ 6.354, ಕಮಿನ್ಸ್ 6ಬಿಟಿ ಎಲ್ಲವೂ ಅದೇ. ಅಲ್ಲಿ ಪ್ಲಗ್ ಇಲ್ಲ, ಇಂಜೆಕ್ಟರ್ ಇದೆ, ಆದರೆ ಸರದಿ ಒಂದೇ. ಬೇರೆ ಬೇರೆ ದೇಶದ, ಬೇರೆ ಬೇರೆ ಕಾಲದ ಎಂಜಿನಿಯರ್‌ಗಳು ಒಬ್ಬರನ್ನೊಬ್ಬರು ಕೇಳಿ ಹೀಗೆ ಮಾಡಬೇಕಾಗಿರಲಿಲ್ಲ. ಇದನ್ನು ಮೊದಲ ಸಲ ಕಾಗದದ ಮೇಲೆ ಬಿಡಿಸಿದ ದಿನ ನನಗಾದ ಸಂತೋಷ ಇವತ್ತಿಗೂ ನೆನಪಿದೆ. ಅಲ್ಲಿಯವರೆಗೆ ಅದು ನನಗೆ ಬರೀ ಆರು ಅಂಕಿಯಾಗಿತ್ತು.

ಈಗ ವಿ8. 720ನ್ನು ಎಂಟಕ್ಕೆ ಹಂಚಿದರೆ 90 ಡಿಗ್ರಿಗೆ ಒಂದು. ಕ್ರ್ಯಾಂಕಿನಲ್ಲಿ ನಾಲ್ಕು ಪಿನ್, ನಾಲ್ಕೂ ನಾಲ್ಕು ದಿಕ್ಕಿಗೆ, ಮುಂದಿನಿಂದ ನೋಡಿದರೆ ಕೂಡಿಸುವ ಚಿಹ್ನೆಯ ಹಾಗೆ. ಇದರ ಆಯ್ಕೆಗಳನ್ನೆಲ್ಲ ಬಿಡಿಸಲು ಹೋಗುವುದಿಲ್ಲ, ಬಹಳ ಉದ್ದವಾಗುತ್ತದೆ. ಒಂದು ಚಮತ್ಕಾರ ಮಾತ್ರ ತೋರಿಸುತ್ತೇನೆ.

ಫೋರ್ಡ್‌ನ ಹಳೆಯ ಆರ್ಡರ್ 1-5-4-2-6-3-7-8. ಟ್ರಕ್‌ಗಳಲ್ಲಿ ಬಂದ 302, 352, 360, 390, 460 ಎಲ್ಲದರಲ್ಲೂ ಇದೇ. ಷೆವರ್ಲೆಯ ಸ್ಮಾಲ್ ಬ್ಲಾಕ್ ಅನ್ನುವ ವಿ8ನ ಆರ್ಡರ್ 1-8-4-3-6-5-7-2. 1955ರ ಮಾಡೆಲ್‌ನ 265ರಿಂದ ಅದು ನಡೆದುಬಂದಿದೆ. ನೋಡಿದರೆ ಒಂದಕ್ಕೊಂದು ಸಂಬಂಧವೇ ಇಲ್ಲ, ಅಲ್ವಾ? ಈಗ ಕಂಪನಿ ಕೊಟ್ಟ ನಂಬರ್ ಮರೆತುಬಿಡಿ. ಸಿಲಿಂಡರ್ ನಿಜವಾಗಿ ಎಲ್ಲಿದೆ ಅನ್ನುವುದನ್ನು ಮಾತ್ರ ಬರೆಯೋಣ.

ಫೋರ್ಡ್: ಬಲದ ಮೊದಲನೆಯದು, ಎಡದ ಮೊದಲನೆಯದು, ಬಲದ ನಾಲ್ಕನೆಯದು, ಬಲದ ಎರಡನೆಯದು, ಎಡದ ಎರಡನೆಯದು, ಬಲದ ಮೂರನೆಯದು, ಎಡದ ಮೂರನೆಯದು, ಎಡದ ನಾಲ್ಕನೆಯದು.

ಷೆವರ್ಲೆ: ಎಡದ ಮೊದಲನೆಯದು, ಬಲದ ನಾಲ್ಕನೆಯದು, ಬಲದ ಎರಡನೆಯದು, ಎಡದ ಎರಡನೆಯದು, ಬಲದ ಮೂರನೆಯದು, ಎಡದ ಮೂರನೆಯದು, ಎಡದ ನಾಲ್ಕನೆಯದು, ಬಲದ ಮೊದಲನೆಯದು.

ಎರಡೂ ಒಂದೇ! ಷೆವರ್ಲೆ ಒಂದು ಹೆಜ್ಜೆ ಮುಂದಿನಿಂದ ಎಣಿಸಲು ಶುರು ಮಾಡಿದೆ, ಅಷ್ಟೇ. ದಶಕಗಳ ಕಾಲ ಪೈಪೋಟಿ ಮಾಡಿದ ಎರಡು ಕಂಪನಿಗಳ ಎಂಜಿನ್‌ಗಳು ಒಂದೇ ತಾಳದಲ್ಲಿ ಬಡಿದುಕೊಂಡಿವೆ. ಬದಲಾದದ್ದು ಹೆಸರು ಮಾತ್ರ.

ಆ ತಾಳದ ಬಗ್ಗೆ ಒಂದು ಮಾತು. ಎಂಜಿನ್ ಒಟ್ಟಾರೆ 90 ಡಿಗ್ರಿಗೊಮ್ಮೆ ಸಮವಾಗಿ ಉರಿಯುತ್ತದೆ. ಆದರೆ ಎಡಗಡೆ ಸಾಲನ್ನು ಮಾತ್ರ ನೋಡಿದರೆ ಅಂತರ 270, 180, 90, 180. ಆ ಕಡೆಯ ಸೈಲೆನ್ಸರ್ ಪೈಪಿಗೆ ಹೊಗೆ ಒಮ್ಮೆ ಬೇಗ ಬೇಗ, ಒಮ್ಮೆ ತಡವಾಗಿ ಬಂದು ಬೀಳುತ್ತದೆ. ಹಳೆಯ ವಿ8 ನಿಂತಲ್ಲೇ ಗುಡುಗುಡು ಅನ್ನುವುದಕ್ಕೆ ಕಾರಣ ಇದು. ಕಿವಿಗೆ ಬೀಳುವ ಆ ಗುಡುಗು ಫೈರಿಂಗ್ ಆರ್ಡರಿನದೇ ಸದ್ದು.

ಮುಂದಿನ ವರ್ಷದ ಗಾಡಿಯಲ್ಲೇ ಕೈ ಕೊಡುತ್ತದೆ ಅಂದಿದ್ದೆ. 1976ರ ಫೋರ್ಡ್ ಎಫ್-250ರಲ್ಲಿ 390 ಎಂಜಿನ್ ಇದ್ದರೆ ಆರ್ಡರ್ 1-5-4-2-6-3-7-8. 1977ಕ್ಕೆ ಆ ಎಂಜಿನ್‌ಗಳನ್ನು ತೆಗೆದು 351ಎಂ ಮತ್ತು 400 ಹಾಕಿದರು. ಅವುಗಳ ಆರ್ಡರ್ 1-3-7-2-6-5-4-8. ಟ್ರಕ್ ನೋಡಲು ಹೆಚ್ಚುಕಮ್ಮಿ ಹಾಗೇ ಇದೆ. ಸಿಲಿಂಡರ್ ಎಣಿಕೆಯೂ ಅದೇ. ಆರ್ಡರ್ ಮಾತ್ರ ಬೇರೆ. 351 ವಿಂಡ್ಸರ್ ಕೂಡ ಈ ಎರಡನೇ ಗುಂಪಿನದು.

ಎರಡನ್ನೂ ಮೇಲೆ ಕೆಳಗೆ ಬರೆದು ನೋಡಿ. 5 ಇದ್ದಲ್ಲಿ 3 ಬಂದಿದೆ, 3 ಇದ್ದಲ್ಲಿ 5. 4 ಇದ್ದಲ್ಲಿ 7, 7 ಇದ್ದಲ್ಲಿ 4. ಉಳಿದದ್ದು ಹಾಗೇ ಇದೆ. 5-3 ಮತ್ತು 4-7 ಜೋಡಿಗಳು, ಅಂದರೆ ಒಟ್ಟಿಗೆ ಮೇಲೆ ಬರುವಂಥವು. ಕ್ರ್ಯಾಂಕ್ ಒಂದಿಷ್ಟೂ ಬದಲಾಗದೆ ಕ್ಯಾಮ್ ಒಂದನ್ನೇ ಬದಲಿಸಿ ಇದನ್ನು ಮಾಡಬಹುದು. ಹಳೆಯ ಆರ್ಡರಿನಲ್ಲಿ ಎಡಗಡೆ ಹಿಂದಿನ 7 ಮತ್ತು 8 ಒಂದರ ಹಿಂದೆ ಒಂದು ಉರಿಯುತ್ತಿದ್ದವು. ಹೊಸದರಲ್ಲಿ ಆ ಅಕ್ಕಪಕ್ಕದ ಜೋಡಿ ಮುಂದಿನ 6 ಮತ್ತು 5ಕ್ಕೆ ಸರಿಯಿತು. ಷೆವರ್ಲೆ ಕಡೆಯಲ್ಲೂ 1997ರ ಎಲ್‌ಎಸ್ ಎಂಜಿನ್ ಬಂದಾಗ ಇದೇ ನಡೆಯಿತು. ಅದರ 1-8-7-2-6-5-4-3 ಅನ್ನು ಜಾಗದ ಲೆಕ್ಕದಲ್ಲಿ ಬರೆದು ನೋಡಿ, ಫೋರ್ಡ್‌ನ ಹೊಸ ಆರ್ಡರೇ ಸಿಗುತ್ತದೆ.

ಹಳೆಯ ಆರ್ಡರಿನ ಆ 7 ಮತ್ತು 8ರ ಜೊತೆ ನನಗೆ ಸ್ವಂತ ಅನುಭವ ಇದೆ. ಒಂದು 390ಕ್ಕೆ ಹೊಸ ಪ್ಲಗ್ ವೈರ್ ಹಾಕಿದ್ದೆ. ಸ್ಟಾರ್ಟ್ ಆಯಿತು, ಆದರೆ ಇಡೀ ಗಾಡಿ ಅಲ್ಲಾಡುತ್ತಿತ್ತು. ಒಳಗಿನಿಂದ ದಪ್ಪನೆಯ ಬಡಿತ. ಎಡಗಡೆ ಎಕ್ಸಾಸ್ಟ್ ಮ್ಯಾನಿಫೋಲ್ಡ್ ವಿಪರೀತ ಬಿಸಿ. ನಾನು ಕಾರ್ಬುರೇಟರ್ ಮೇಲೆ ಅನುಮಾನಪಟ್ಟು ಎರಡು ದಿನ ಅದನ್ನೇ ಬಿಚ್ಚಿ ಕಟ್ಟಿದೆ. ಕೊನೆಗೆ ಇನ್ಸುಲೇಷನ್ ಇರುವ ಇಕ್ಕಳ ಹಿಡಿದು ಒಂದೊಂದೇ ವೈರ್ ಕಿತ್ತು ನೋಡಿದೆ. 1 ಕಿತ್ತರೆ ಎಂಜಿನ್ ಕುಗ್ಗಿತು, ಸರಿ. 2, 3, 4, 5, 6 ಕೂಡ ಹಾಗೇ. 7 ಕಿತ್ತಾಗ ಏನೂ ಆಗಲಿಲ್ಲ. 8 ಕಿತ್ತಾಗ ಬಡಿತ ನಿಂತು ಎಂಜಿನ್ ಮೊದಲಿಗಿಂತ ಹಗುರವಾಗಿ ತಿರುಗಿತು. ಅವೆರಡು ವೈರ್ ಅದಲುಬದಲಾಗಿದ್ದವು.

ಅಲ್ಲಿ ಒಳಗೆ ಏನಾಗುತ್ತಿತ್ತು ಗೊತ್ತಾ? 7ಕ್ಕೆ ಹೋಗಬೇಕಾದ ಕಿಡಿ 8ಕ್ಕೆ ಹೋಗುತ್ತಿತ್ತು. ಆ ಹೊತ್ತಿಗೆ 8ರ ಪಿಸ್ಟನ್ ಇನ್ನೂ ಅರ್ಧ ದಾರಿಯಲ್ಲಿ ಮೇಲೇರುತ್ತಿದೆ. ಇನ್ನೂ 90 ಡಿಗ್ರಿ ಬಾಕಿ ಇದೆ. ಅಲ್ಲೇ ಬೆಂಕಿ ಹತ್ತಿದರೆ ಏರುವ ಪಿಸ್ಟನ್ನಿಗೆ ಎದುರು ಏಟು. ಬಡಿತ ಕೇಳಿಸಿದ್ದು ಅದಕ್ಕೆ. 8ರ ಕಿಡಿ 7ಕ್ಕೆ 90 ಡಿಗ್ರಿ ತಡವಾಗಿ ತಲುಪುತ್ತಿತ್ತು. ಪಿಸ್ಟನ್ ಆಗಲೇ ಅರ್ಧ ಕೆಳಗೆ ಬಂದಾಗಿದೆ. ಬೆಂಕಿ ಕೆಲಸ ಮಾಡುವ ಮೊದಲೇ ಎಕ್ಸಾಸ್ಟ್ ವಾಲ್ವ್ ತೆರೆದು, ಉರಿ ಮ್ಯಾನಿಫೋಲ್ಡಿಗೆ ಹೋಗುತ್ತಿತ್ತು. ಪೆಟ್ರೋಲ್ ಸರಿ, ಗಾಳಿ ಸರಿ, ಕಿಡಿಯೂ ಸರಿ. ಸರದಿ ಮಾತ್ರ ತಪ್ಪು.

ಈ ಎರಡು ವೈರ್‌ಗಳಿಗೆ ಇನ್ನೊಂದು ತೊಂದರೆಯೂ ಇದೆ. ಸರಿಯಾಗಿ ಹಾಕಿದರೂ ಅವು ಉದ್ದಕ್ಕೆ ಒಂದಕ್ಕೊಂದು ಅಂಟಿಕೊಂಡು ಹೋದರೆ 7ರ ಕರೆಂಟ್ 8ರ ವೈರಿನಲ್ಲಿ ಕರೆಂಟ್ ಹುಟ್ಟಿಸಿ, 8 ಬೇಗ ಉರಿಯಬಹುದು. ಅದಕ್ಕೇ ಕ್ಲಿಪ್ಪಿನಲ್ಲಿ ಅವೆರಡರ ನಡುವೆ ಬೇರೆ ಸಿಲಿಂಡರಿನ ವೈರ್ ಹಾಕಬೇಕು. ಷೆವರ್ಲೆಯಲ್ಲಿ ಇದೇ ಜಾಗದ ಸಿಲಿಂಡರ್‌ಗಳ ನಂಬರ್ 5 ಮತ್ತು 7.

ಇನ್ನು ಕ್ಯಾಪಿಗೆ ವೈರ್ ಹಾಕುವ ಕೆಲಸ. 1ನೇ ಸಿಲಿಂಡರಿನ ಪ್ಲಗ್ ಬಿಚ್ಚಿ, ಆ ತೂತಿಗೆ ಹೆಬ್ಬೆರಳು ಒತ್ತಿ ಹಿಡಿಯಿರಿ. ಕಾಯಿಲ್‌ನ ವೈರ್ ತೆಗೆದಿರಲಿ. ಇನ್ನೊಬ್ಬರು ಮುಂದಿನ ಪುಲ್ಲಿಯ ಬೋಲ್ಟಿಗೆ ಸ್ಪಾನರ್ ಹಾಕಿ ಗಡಿಯಾರದ ಮುಳ್ಳಿನ ದಿಕ್ಕಿಗೆ ನಿಧಾನ ತಿರುಗಿಸಲಿ. ಗಾಳಿ ಬೆರಳನ್ನು ತಳ್ಳಿದರೆ ಅದು ಕಂಪ್ರೆಶನ್. ಅಲ್ಲಿಂದ ಪುಲ್ಲಿಯ ಗೆರೆ ಸೊನ್ನೆಗೆ ಬರುವವರೆಗೆ ತಿರುಗಿಸಿ ನಿಲ್ಲಿಸಿ. ಬೆರಳು ಇಡದೆ ಬರೀ ಗೆರೆ ನೋಡಿದರೆ ಸಾಲದು. ಗೆರೆ ಎರಡು ಸುತ್ತಿನಲ್ಲಿ ಎರಡು ಸಲ ಸೊನ್ನೆಗೆ ಬರುತ್ತದೆ. ಒಂದು ಸಲ ಮಾತ್ರ 1 ಉರಿಯುವ ಹೊತ್ತು, ಇನ್ನೊಂದು ಸಲ ಅದರ ಜೊತೆಗಾರನ ಹೊತ್ತು. ಅಲ್ಲಿ ತಪ್ಪಿದರೆ ಡಿಸ್ಟ್ರಿಬ್ಯೂಟರ್ ಅರ್ಧ ಸುತ್ತು ಆಚೆ ಕೂರುತ್ತದೆ. ಎಂಜಿನ್ ಕಾರ್ಬುರೇಟರ್ ಕಡೆಗೆ ಸೀನುತ್ತದೆ, ಸ್ಟಾರ್ಟ್ ಆಗುವುದಿಲ್ಲ.

ಈಗ ಕ್ಯಾಪ್ ಎತ್ತಿ ನೋಡಿ. ಒಳಗೆ ತಿರುಗುತ್ತಾ ಒಂದೊಂದೇ ಟರ್ಮಿನಲ್‌ಗೆ ಕರೆಂಟ್ ಕೊಡುವ ತುಂಡೇ ರೋಟರ್. ಅದು ಯಾವ ಟರ್ಮಿನಲ್ ಕಡೆ ತೋರಿಸುತ್ತದೋ ಅದೇ 1. ಪುಸ್ತಕದ ಚಿತ್ರದಲ್ಲಿ ಬೇರೆ ಕಡೆ ಇದ್ದರೂ ಪರವಾಗಿಲ್ಲ, ಹಿಂದೆ ಯಾರೋ ಡಿಸ್ಟ್ರಿಬ್ಯೂಟರನ್ನು ಒಂದೆರಡು ಹಲ್ಲು ಆಚೀಚೆ ಕೂರಿಸಿರಬಹುದು. ಅಲ್ಲಿಂದ ರೋಟರ್ ತಿರುಗುವ ದಿಕ್ಕಿಗೆ ಆರ್ಡರ್ ಹಾಕಿಕೊಂಡು ಹೋಗಿ. ಫೋರ್ಡ್ ವಿ8ನಲ್ಲಿ ರೋಟರ್ ಗಡಿಯಾರಕ್ಕೆ ಉಲ್ಟಾ ತಿರುಗುತ್ತದೆ. ಷೆವರ್ಲೆ ವಿ8ನಲ್ಲಿ ಗಡಿಯಾರದ ದಿಕ್ಕಿಗೆ. ಫೋರ್ಡ್ 300 ಸಿಕ್ಸ್ ಕೂಡ ಗಡಿಯಾರದ ದಿಕ್ಕೇ. ನೆನಪಿಲ್ಲದಿದ್ದರೆ ಕ್ಯಾಪ್ ತೆಗೆದು ಪುಲ್ಲಿಯನ್ನು ಸ್ವಲ್ಪ ತಿರುಗಿಸಿ ನೋಡಿದರೆ ಸಾಕು.

ಮಾತು ಮುಗಿದ ಮೇಲೆ ಒಬ್ಬರು ಒಳ್ಳೆಯ ಪ್ರಶ್ನೆ ಕೇಳಿದರು. "ಸರ್, ಇನ್‌ಟೇಕ್ ಮ್ಯಾನಿಫೋಲ್ಡ್ ಮೇಲೆ ಆರ್ಡರ್ ಅಚ್ಚಾಗಿರುತ್ತಲ್ಲ, ಅದನ್ನು ನಂಬಬಹುದಾ?"

ಅನೇಕ ಫೋರ್ಡ್‌ಗಳಲ್ಲಿ ಅದು ನಿಜವಾಗಿಯೂ ಎರಕದಲ್ಲೇ ಇರುತ್ತದೆ. ಆದರೆ ಹಳೆಯ ಟ್ರಕ್ಕಿನ ಎಂಜಿನ್ ಎಷ್ಟು ಕೈ ದಾಟಿ ಬಂದಿರುತ್ತದೋ. ಒಳಗಿನ ಕ್ಯಾಮ್ ಬದಲಾಗಿದ್ದರೆ ಮೇಲಿನ ಅಂಕಿ ಸುಳ್ಳಾಗುತ್ತದೆ. ಅನುಮಾನ ಬಂದರೆ ಎಂಜಿನ್ನನ್ನೇ ಕೇಳಿ. 1ನ್ನು ಈಗ ಹೇಳಿದ ಹಾಗೆ ಕಂಪ್ರೆಶನ್ ಮುಗಿದ ಜಾಗಕ್ಕೆ ತನ್ನಿ. 5ರ ಪ್ಲಗ್ ಮತ್ತು 3ರ ಪ್ಲಗ್ ಬಿಚ್ಚಿ. ಎರಡೂ ತೂತಿಗೆ ಒಬ್ಬೊಬ್ಬರು ಹೆಬ್ಬೆರಳು ಇಡಿ. ಪುಲ್ಲಿಯನ್ನು ಗಡಿಯಾರದ ದಿಕ್ಕಿಗೆ ಕಾಲು ಸುತ್ತು ತಿರುಗಿಸಿ. 5ರ ಮೇಲಿನ ಬೆರಳನ್ನು ಗಾಳಿ ತಳ್ಳಿದರೆ ಒಳಗಿರುವುದು ಹಳೆಯ ಆರ್ಡರ್. 3ರ ಮೇಲಿನದನ್ನು ತಳ್ಳಿದರೆ ಹೊಸದು. ಆಮೇಲೆ ವೈರ್ ಹಾಕಿ.